ಫೋಟೋಶಾಪ್ ಸಿಎಸ್2 ಉಚಿತವಲ್ಲ: ಒಂದು ಸ್ಪಷ್ಟನೆ

"ಅಡೋಬಿಯವರೇ ಫೋಟೋಶಾಪ್ ಸಿಎಸ್2 ಫ್ರೀ ಮಾಡಿದ್ದಾರೆ, ಸೀರಿಯಲ್ ನಂಬರ್ ಕೂಡ ಕೊಟ್ಟಿದ್ದಾರೆ" ಎಂಬ ಮಾತು ಈಗಲೂ ಹರಿದಾಡುತ್ತಿದೆ. ಇದು ತಪ್ಪು. ಆದರೆ ಜನ ಸುಮ್ನೆ ಹಾಗೆ ಅಂದುಕೊಂಡಿದ್ದಲ್ಲ.

ಸಿಎಸ್2 ಅಂದರೆ ಅಡೋಬಿ ಕಂಪನಿಯ ಫೋಟೋ ತಿದ್ದುವ ಸಾಫ್ಟ್‌ವೇರ್ ಫೋಟೋಶಾಪಿನ ಒಂದು ಹಳೆಯ ಆವೃತ್ತಿ. ಅದು ಬಂದದ್ದು 2005ರಲ್ಲಿ. ಅದನ್ನು ಇನ್‌ಸ್ಟಾಲ್ ಮಾಡಿದ ಮೇಲೆ ಆ್ಯಕ್ಟಿವೇಶನ್ ಆಗಬೇಕಿತ್ತು. ಅಂದರೆ ಸೀರಿಯಲ್ ನಂಬರಿನ ಜೊತೆ ಕಂಪ್ಯೂಟರಿನ ಗುರುತೂ ಕಂಪನಿಯ ಸರ್ವರ್‌ಗೆ ಹೋಗುತ್ತದೆ. ಅಲ್ಲಿಂದ ಒಪ್ಪಿಗೆ ಬಂದರೆ ಮಾತ್ರ ಕೆಲಸ ಮುಂದುವರಿಯುತ್ತದೆ. ವರ್ಷಗಳ ನಂತರ ಆ ಹಳೆಯ ಸರ್ವರ್ ನಿಂತಿತು. ದುಡ್ಡು ಕೊಟ್ಟು ಕೊಂಡವರ ಗತಿ ಏನು? ಕಂಪ್ಯೂಟರ್ ಫಾರ್ಮ್ಯಾಟ್ ಮಾಡಿದರೆ ಸಾಫ್ಟ್‌ವೇರ್ ಹೋದ ಹಾಗೇ ಅಲ್ವಾ? ಅವರಿಗಾಗಿ ಅಡೋಬಿ, ಆ್ಯಕ್ಟಿವೇಶನ್ ಬೇಡದ ಪ್ರತಿಯನ್ನು ಸೀರಿಯಲ್ ನಂಬರ್ ಸಮೇತ ತನ್ನ ಸೈಟಿನಲ್ಲಿ ಇಟ್ಟಿತು. 2013ರ ಜನವರಿಯಲ್ಲಿ ಇದು ಸುದ್ದಿಯಾಯಿತು, ಜನ ಮುಗಿಬಿದ್ದರು. ಮೊದಲೇ ಲೈಸೆನ್ಸ್ ಕೊಂಡವರಿಗೆ ಮಾತ್ರ ಇದು ಎಂದು ಅಡೋಬಿ ಆಗಲೇ ಹೇಳಿತ್ತು.

ಸೀರಿಯಲ್ ನಂಬರ್ ಕಣ್ಣಿಗೆ ಬಿದ್ದ ಮಾತ್ರಕ್ಕೆ ಲೈಸೆನ್ಸ್ ಸಿಕ್ಕಂತಲ್ಲ. ಕೊಳ್ಳಲು ಆಗದಿದ್ದರೆ ಗಿಂಪ್ (ಫೋಟೋ ತಿದ್ದಲು), ಕ್ರಿಟಾ (ಚಿತ್ರ ಬರೆಯಲು) ಎಂಬ ಸಾಫ್ಟ್‌ವೇರ್‌ಗಳಿವೆ. ಅವು ನಿಜವಾಗಿಯೂ ಉಚಿತ. ಸ್ಟುಡಿಯೋ ಕೆಲಸಕ್ಕೂ ಧೈರ್ಯವಾಗಿ ಬಳಸಬಹುದು.