ಗಾಳಿಗೆ ಹಾರಿದ ಬೀಸಣಿಗೆ

ನಾಲ್ಕು ನಿಮಿಷವೂ ಇಲ್ಲದ ಒಂದು ಜಪಾನಿ ಮೂಕಿಚಿತ್ರವನ್ನು ಈ ವಾರ ಏನಿಲ್ಲವೆಂದರೂ ಹತ್ತು ಸಲ ನೋಡಿದ್ದೇನೆ. ಕಥೆಗಾಗಿ ಅಲ್ಲ. ಅದರಲ್ಲೊಂದು ಬೀಸಣಿಗೆ ನಟನ ಕೈಯಿಂದ ಜಾರುತ್ತದೆ, ಅದಕ್ಕಾಗಿ.

ಚಿತ್ರದ ಹೆಸರು ‘ಮೊಮಿಜಿಗಾರಿ’. 1899ರ ನವೆಂಬರಿನಲ್ಲಿ ಟೋಕಿಯೋದ ಕಬುಕಿಜಾ ರಂಗಮಂದಿರದ (ಕಬುಕಿ ಎಂದರೆ ಜಪಾನಿನ ಸಾಂಪ್ರದಾಯಿಕ ರಂಗಕಲೆ, ಅಲ್ಲಿ ಹೆಣ್ಣುವೇಷವನ್ನೂ ಗಂಡಸರೇ ಕಟ್ಟುತ್ತಾರೆ) ಹಿಂದೆ, ಬಯಲಿನಲ್ಲಿ ಕಟ್ಟಿದ ಪುಟ್ಟ ವೇದಿಕೆಯ ಮೇಲೆ ತೆಗೆದದ್ದು. ರಾಜಕುವರಿಯ ರೂಪ ತಾಳಿದ ರಾಕ್ಷಸಿಯಾಗಿ ಒಂಬತ್ತನೆಯ ಇಚಿಕಾವಾ ದಂಜೂರೋ, ಅವಳನ್ನು ಎದುರಿಸುವ ಯೋಧನಾಗಿ ಐದನೆಯ ಒನೊಯೆ ಕಿಕುಗೊರೋ. ಕಬುಕಿಯಲ್ಲಿ ರಂಗದ ಹೆಸರು ಪೀಳಿಗೆಯಿಂದ ಪೀಳಿಗೆಗೆ ಸಾಗುತ್ತದೆ, ಈ ಅಂಕೆಗಳು ಅದರವು. ದಂಜೂರೋ ಅವರಿಗೆ ಆಗ ಅರವತ್ತು ದಾಟಿತ್ತು. ಯಕ್ಷಗಾನದ ಸ್ತ್ರೀವೇಷ ನೋಡಿ ಬೆಳೆದ ನಮಗೆ ಇದೇನೂ ಸೋಜಿಗವಲ್ಲ.

ಈ ಮಹಾನಟರಿಗೆ ಸಿನಿಮಾ ಎಂದರೆ ಅಷ್ಟಕ್ಕಷ್ಟೆ. ಮುಂದಿನ ಪೀಳಿಗೆಗೆ ಉಳಿಯಲಿ ಎಂದು ಪುಸಲಾಯಿಸಿದ ಮೇಲೆ ಒಪ್ಪಿದರು. ಅದೂ ಒಂದೇ ಸಲ, ಮತ್ತು ತಾವು ಬದುಕಿರುವವರೆಗೆ ತೋರಿಸಕೂಡದು. ಚಿತ್ರೀಕರಣದ ದಿನ ಜೋರು ಗಾಳಿ. ಹಿಂಪರದೆ ಹಾರಿಹೋಗದಂತೆ ರಂಗದ ಆಳುಗಳು ಅದನ್ನು ಹಿಡಿದು ನಿಂತರು. ಎರಡು ಬೀಸಣಿಗೆಗಳನ್ನು ಆಡಿಸುತ್ತಿದ್ದ ದಂಜೂರೋ ಕೈಯಿಂದ ಗಾಳಿ ಒಂದನ್ನು ಕಿತ್ತುಕೊಂಡಿತು. ಇನ್ನೊಮ್ಮೆ ಮಾಡಿ ಎಂದು ಅವರನ್ನು ಕೇಳುವ ಎದೆಗಾರಿಕೆ ಯಾರಿಗಿತ್ತು?

ಈ ಪ್ರಸಂಗವನ್ನು ಎಲ್ಲರೂ ದಂಜೂರೋ ಕಥೆಯಾಗಿಯೇ ಹೇಳುತ್ತಾರೆ. ನನ್ನ ತಕರಾರು ಇರುವುದು ಅಲ್ಲಿಯೇ. ಎದುರಿಗೆ ಕ್ಯಾಮೆರಾದ ಹಿಡಿಕೆ ತಿರುಗಿಸುತ್ತ ನಿಂತಿದ್ದವರು ಶಿಬಾತಾ ತ್ಸುನೆಕಿಚಿ, ಹತ್ತಿರ ಹತ್ತಿರ ಐವತ್ತರ ಛಾಯಾಗ್ರಾಹಕ. ಬೀಸಣಿಗೆ ಹಾರಿದಾಗ ಅಯ್ಯೋ ಎಂದು ಅವರು ಕೈ ನಿಲ್ಲಿಸಿದ್ದರೆ ಅಲ್ಲಿಗೆ ಮುಗಿಯುತ್ತಿತ್ತು. ನಟನ ಕೈ ತಪ್ಪಿತು, ಇವರ ಕೈ ತಪ್ಪಲಿಲ್ಲ. ಆಗ ಸಂಕಲನ ಎಂಬ ಬೇರೆ ಕಸುಬೇ ಇರಲಿಲ್ಲ. ತೆಗೆದ ತುಂಡುಗಳನ್ನು ಒಂದರ ಹಿಂದೊಂದು ಅಂಟಿಸಿದರೆ ಚಿತ್ರ ಸಿದ್ಧ. ಈ ಚಿತ್ರದಲ್ಲಿ ಇರುವುದು ಮೂರೇ ತುಂಡು. ಇಂದಿನ ಸಂಕಲನಕಾರರ ಕೈಗೆ ಸಿಕ್ಕಿದ್ದರೆ ಆ ಬೀಸಣಿಗೆ ಮೊದಲ ಏಟಿಗೇ ಕಸದ ಬುಟ್ಟಿ ಸೇರುತ್ತಿತ್ತು. ಆ ಎಡವಟ್ಟೇ ಚಿತ್ರಕ್ಕೆ ಸೊಗಸು ತಂದಿತೆಂದು ಜನ ಆಮೇಲೆ ಹೇಳಿದರಂತೆ. ನನ್ನ ಮತವೂ ಅದೇ.

ಶಿಬಾತಾ ಇದೊಂದಕ್ಕೇ ನಿಂತವರೂ ಅಲ್ಲ. ಹಾಡು, ಕುಣಿತವನ್ನೇ ವೃತ್ತಿ ಮಾಡಿಕೊಂಡ ಗೇಷಾಗಳ ನೃತ್ಯ ತೆಗೆದರು. ಅದೇ 1899ರಲ್ಲಿ ಪಿಸ್ತೂಲು ಕಳ್ಳನೊಬ್ಬನನ್ನು ಪತ್ತೇದಾರ ಹಿಡಿಯುವ ಪುಟ್ಟ ಕಥಾಚಿತ್ರ ತೆಗೆದರು. ಜಪಾನಿನ ಕಥಾಚಿತ್ರಗಳ ಲೆಕ್ಕ ಶುರುವಾಗುವುದೇ ಅಲ್ಲಿಂದ. ಮರುವರ್ಷ, ಚೀನಾದಲ್ಲಿ ವಿದೇಶಿಯರ ವಿರುದ್ಧ ಎದ್ದ ಬಾಕ್ಸರ್ ದಂಗೆಯ ಹೊತ್ತಿನಲ್ಲಿ, ಕ್ಯಾಮೆರಾ ಹೊತ್ತು ಅಲ್ಲಿಗೆ ಹೋದರು. ರಂಗಮಂದಿರದ ಹಿತ್ತಿಲಿನಿಂದ ನೇರ ಯುದ್ಧಕ್ಕೆ! 2009ರಲ್ಲಿ ಜಪಾನ್ ಸರ್ಕಾರ ‘ಮೊಮಿಜಿಗಾರಿ’ಯನ್ನು ಮಹತ್ವದ ಸಾಂಸ್ಕೃತಿಕ ಸ್ವತ್ತು ಎಂದು ಘೋಷಿಸಿತು. ಸಿನಿಮಾವೊಂದಕ್ಕೆ ಆ ಮನ್ನಣೆ ಸಿಕ್ಕಿದ್ದು ಅದೇ ಮೊದಲು.

ದಂಜೂರೋ ಹಾಕಿದ್ದ ಷರತ್ತು ಮಾತ್ರ ಉಳಿಯಲಿಲ್ಲ. 1903ರಲ್ಲಿ ಕಾಯಿಲೆ ಬಿದ್ದ ಅವರಿಗೆ ರಂಗವೇರಲು ಒಸಾಕಾ ನಗರಕ್ಕೆ ಹೋಗಲಾಗಲಿಲ್ಲ. ಅವರ ಬದಲು ಚಿತ್ರ ಹೋಯಿತು. ಅದೇ ಸೆಪ್ಟೆಂಬರಿನಲ್ಲಿ ಅವರು ತೀರಿಕೊಂಡರು. ನಟನೇ ಬರದ ರಂಗದಲ್ಲಿ ಒಸಾಕಾದ ಜನ ಅವರ ಕುಣಿತ ನೋಡಿದರು, ಕೈಜಾರಿದ ಬೀಸಣಿಗೆಯನ್ನೂ ಸೇರಿಸಿ.