ತಿಮಿಂಗಿಲ ಸಹಿ ಹಾಕದ ಗ್ಯಾರಂಟಿ

ಆ ಜಾಹೀರಾತು ನಿಮಗೂ ಬಂದಿರುತ್ತದೆ. ಯಾವುದೋ ಗುಂಪಿನಲ್ಲಿ ಯಾರೋ ಫಾರ್ವರ್ಡ್ ಮಾಡಿರುತ್ತಾರೆ. ನೀಲಿ ಸಮುದ್ರ. ಅದರ ನಡುವೆ ಪೂರ್ತಿ ಮೈ ನೀರಿನಿಂದ ಮೇಲೆತ್ತಿ ಹಾರಿದ ತಿಮಿಂಗಿಲ. ಪಕ್ಕದಲ್ಲೇ ಬಿಳಿ ದೋಣಿ, ದೋಣಿ ತುಂಬ ಹಲ್ಲು ಬಿಟ್ಟುಕೊಂಡ ಜನ. ಕೆಳಗೆ ದಪ್ಪ ಅಕ್ಷರದಲ್ಲಿ, ‘ಒಂದೇ ದಿನದಲ್ಲಿ ತಿಮಿಂಗಿಲ, ಡಾಲ್ಫಿನ್, ಮೂರು ದ್ವೀಪ, ಊಟ!’ ಅದರ ಕೆಳಗೆ ಇನ್ನೂ ದಪ್ಪಕ್ಕೆ, ‘ತಿಮಿಂಗಿಲ ಕಾಣದಿದ್ದರೆ ಇನ್ನೊಂದು ಟ್ರಿಪ್ ಫ್ರೀ. ಗ್ಯಾರಂಟಿ!!’

ಊಟದ ಬಗ್ಗೆ ನನ್ನ ತಕರಾರಿಲ್ಲ. ಅದು ಅಡುಗೆಯವರ ಕೈಯಲ್ಲಿದೆ. ದ್ವೀಪದ ಬಗ್ಗೆಯೂ ಇಲ್ಲ, ಅದು ಎಲ್ಲಿಗೂ ಎದ್ದು ಹೋಗುವುದಿಲ್ಲ. ಆದರೆ ತಿಮಿಂಗಿಲ? ಗ್ಯಾರಂಟಿ ಕೊಟ್ಟವರು ಕಂಪನಿಯವರು, ನಡೆಸಿಕೊಡಬೇಕಾದದ್ದು ತಿಮಿಂಗಿಲ. ಮುಖ್ಯ ಅತಿಥಿಗಳನ್ನು ಒಂದು ಮಾತೂ ಕೇಳದೆ ಆಹ್ವಾನ ಪತ್ರಿಕೆಯಲ್ಲಿ ಹೆಸರು ಹಾಕಿಸುವ ಸಂಘಟಕರು ಇರುತ್ತಾರಲ್ಲ, ಹಾಗೆ. ಆ ಅತಿಥಿಗಳಾದರೂ ಹಾರದ ಆಸೆಗೆ ಬಂದುಬಿಡುತ್ತಾರೆ. ಮೂವತ್ತು ಟನ್ ತೂಗುವ ಪ್ರಾಣಿಗೆ ಯಾವ ಹಾರ ಹಾಕುತ್ತೀರಿ?

ನಾನೂ ಒಮ್ಮೆ ಹೋಗಿ ಬಂದವನೇ. ಎಲ್ಲಿ, ಯಾವ ಕಂಪನಿ ಅಂತ ಕೇಳಬೇಡಿ. ಎಲ್ಲ ಕಡೆಯೂ ಅದೇ ಕಥೆ ಅಂತ ಹೋಗಿಬಂದವರೆಲ್ಲ ಹೇಳುತ್ತಾರೆ. ಬೆಳಿಗ್ಗೆ ದೋಣಿ ಹತ್ತುವಾಗ ಒಬ್ಬ ಹುಡುಗ ನಗುನಗುತ್ತಾ ಎಲ್ಲರ ಕೈಗೂ ಒಂದೊಂದು ಕಾಗದದ ಚೀಲ ಕೊಟ್ಟ. ತಿಂಡಿ ಹಾಕಿಸಿಕೊಳ್ಳೋದಕ್ಕೆ ಅಂದುಕೊಂಡೆ. ತಿಂದ ತಿಂಡಿ ವಾಪಸ್ ಬಂದರೆ ಹಾಕೋದಕ್ಕೆ ಅಂತ ಅರ್ಧ ಗಂಟೆಯಲ್ಲಿ ಗೊತ್ತಾಯಿತು. ಮೊದಲ ಒಂದು ಗಂಟೆ ದೋಣಿಯಲ್ಲಿ ಅರ್ಧ ಜನ ಸಮುದ್ರ ನೋಡಿದರು, ಇನ್ನರ್ಧ ಜನ ಚೀಲದ ಒಳಗೆ ನೋಡಿದರು.

ಆಮೇಲೆ ಮೈಕಿನಲ್ಲಿ ಗೈಡು ಕಿರುಚಿದಳು. “ಎರಡು ಗಂಟೆ! ಎರಡು ಗಂಟೆ!”

ನನ್ನ ಪಕ್ಕದ ಯಜಮಾನರು ಕೈಗಡಿಯಾರ ನೋಡಿಕೊಂಡರು. “ಇನ್ನೂ ಹತ್ತೂವರೆ ಅಲ್ವಾ? ಎರಡು ಗಂಟೆವರೆಗೂ ಇಲ್ಲೇ ನಿಲ್ಲಿಸ್ತಾರಾ?” ಅಂದರು. ದೋಣಿಯ ಮೂತಿ ಹನ್ನೆರಡು ಗಂಟೆ, ಎರಡು ಗಂಟೆ ಅಂದರೆ ಬಲಗಡೆ ಸ್ವಲ್ಪ ಮುಂದೆ ಅಂತ ಯಾರೋ ವಿವರಿಸುವಷ್ಟರಲ್ಲಿ ಅಲ್ಲಿ ಬರೀ ಅಲೆ ಇತ್ತು. ಮತ್ತೆ ಇಪ್ಪತ್ತು ನಿಮಿಷ. “ಒಂಬತ್ತು ಗಂಟೆ!” ಎಲ್ಲರೂ ಎಡಕ್ಕೆ ಓಡಿದರು. ದೋಣಿಯೂ ಎಡಕ್ಕೆ ವಾಲಿತು. ಯಜಮಾನರು ಮಾತ್ರ ಕೂತಲ್ಲೇ ಕೂತು, “ಒಂಬತ್ತು ಆಗಲೇ ಆಗಿಹೋಯಿತಲ್ಲ” ಅಂದರು. ಆ ದಿನ ದೋಣಿಯಲ್ಲಿ ಅವರಷ್ಟು ನೆಮ್ಮದಿಯಾಗಿ ಇದ್ದವರು ಇನ್ನೊಬ್ಬರಿಲ್ಲ.

ಒಂದು ಸಲ ದೋಣಿ ನಿಂತಿತು. ಗೈಡು ನೀರಿನ ಮೇಲೆ ಒಂದು ಜಾಗ ತೋರಿಸಿದಳು. ಸುತ್ತ ಎಲ್ಲ ಅಲೆ, ಅಲ್ಲಿ ಮಾತ್ರ ಎಣ್ಣೆ ಹೊಯ್ದ ಹಾಗೆ ನಯವಾಗಿ, ದುಂಡಗೆ, ಹೊಳೆಯುವ ನೀರು. ತಿಮಿಂಗಿಲ ಮುಳುಗುವಾಗ ಬಾಲ ಬೀಸಿದ್ದಕ್ಕೆ ಕೆಳಗಿನ ನೀರು ಮೇಲೆದ್ದು ಹಾಗೆ ಹರಡುತ್ತದಂತೆ. “ಇದು ತಿಮಿಂಗಿಲದ ಹೆಜ್ಜೆ ಗುರುತು” ಅಂದಳು. ಕಾಲೇ ಇಲ್ಲದ ಪ್ರಾಣಿಯ ಹೆಜ್ಜೆ ಗುರುತನ್ನು ನೀರಿನ ಮೇಲೆ ತೋರಿಸಿ ದುಡ್ಡು ಎಣಿಸಿಕೊಳ್ಳುವ ಈ ವಿದ್ಯೆಗೆ ನಾನು ಮನಸಾರೆ ಕೈ ಮುಗಿದೆ. ಎಲ್ಲರೂ ಫೋಟೋ ತೆಗೆದರು. ನಾನೂ ತೆಗೆದೆ. ಸಂಜೆ ಫೋನು ತೆರೆದು ನೋಡಿದರೆ ನೀರು, ನೀರು, ನೀರು. ಒಂದರಲ್ಲಿ ಮಾತ್ರ ಕಪ್ಪಗೆ ಏನೋ ಎದ್ದಿತ್ತು. ಹಿಗ್ಗಿಸಿ ನೋಡಿದೆ. ಮುಂದೆ ನಿಂತಿದ್ದವರ ಟೋಪಿ.

ಡಾಲ್ಫಿನ್ ಬಂದವು, ಸುಳ್ಳು ಹೇಳಬಾರದು. ಐದಾರು ಇದ್ದವು. ಯಾರೂ ಕರೆಯದೆ, ತಮ್ಮ ಪಾಡಿಗೆ ಬಂದು ದೋಣಿಯ ಮೂತಿಯ ಮುಂದೆ ಏಳುವ ಅಲೆಯ ಮೇಲೆ ಮೂರು ನಿಮಿಷ ಜಾರಿ, ಹೊರಟುಹೋದವು. ಆ ಮೂರು ನಿಮಿಷ ಗೈಡು ಮೈಕ್ ಕೆಳಗಿಟ್ಟು ನೀರು ಕುಡಿದಳು. ಬಿಟ್ಟಿ ಬಂದದ್ದಕ್ಕೆ ಬೆಲೆ ಇಲ್ಲ ನೋಡಿ.

ದಡಕ್ಕೆ ಬಂದ ಮೇಲೆ ಕೌಂಟರಿಗೆ ಹೋಗಿ ಗ್ಯಾರಂಟಿ ಕೇಳಿದೆ. ಅಲ್ಲಿದ್ದ ಹುಡುಗ ತುಂಬ ವಿನಯವಂತ. “ಸರ್, ಡಾಲ್ಫಿನ್ ಕಂಡಿತಲ್ವಾ? ವಿಜ್ಞಾನದ ಪ್ರಕಾರ ಡಾಲ್ಫಿನ್ ಅಂದರೆ ಹಲ್ಲಿರುವ ತಿಮಿಂಗಿಲವೇ. ಆದ್ದರಿಂದ ನಿಮಗೆ ತಿಮಿಂಗಿಲ ಕಂಡಿದೆ” ಅಂದ. ನಾನು ಬಾಯಿ ತೆರೆಯುವ ಮೊದಲೇ, ಕೊಲೆಗಡುಕ ತಿಮಿಂಗಿಲ ಅಂತ ಹೆಸರು ಹೊತ್ತ ಓರ್ಕಾ ಕೂಡ ಡಾಲ್ಫಿನ್ ಮನೆತನದ್ದೇ ಅಂತಲೂ ಸೇರಿಸಿದ. ಅವನು ಹೇಳಿದ್ದು ಅಕ್ಷರಶಃ ನಿಜ. ಅದೇ ಉರಿಯೋದು. ಶಾಲೆಯಲ್ಲಿ ಕಲಿಯದ ಪ್ರಾಣಿಶಾಸ್ತ್ರವನ್ನು ರೀಫಂಡ್ ಕೌಂಟರಿನಲ್ಲಿ ಕಲಿತು ಮನೆಗೆ ಬಂದೆ.

ದುಡ್ಡು ತೆಗೆದುಕೊಂಡು ತಿಮಿಂಗಿಲ ತೋರಿಸುವ ಈ ಕಸುಬು ಶುರುವಾದದ್ದು 1955ರಲ್ಲಿ, ಅಮೆರಿಕದ ಸ್ಯಾನ್ ಡಿಯಾಗೋದಲ್ಲಿ. ಟಿಕೆಟ್ 1 ಡಾಲರ್. 2008ರ ಲೆಕ್ಕದಲ್ಲಿ 119 ದೇಶಗಳಲ್ಲಿ 1.3 ಕೋಟಿ ಜನ ಹೀಗೆ ದೋಣಿ ಹತ್ತಿದರು, 210 ಕೋಟಿ ಡಾಲರ್ ವಹಿವಾಟಾಯಿತು. ತಿಮಿಂಗಿಲಕ್ಕೆ ಈಟಿ ಎಸೆಯುತ್ತಿದ್ದ ಕೈಗೆ ಫೋನು ಬಂತಲ್ಲ, ಅಷ್ಟರಮಟ್ಟಿಗೆ ಸಂತೋಷವೇ. 1946ರಲ್ಲಿ ಬೇಟೆಗಾರ ದೇಶಗಳು ಸೇರಿ ತಿಮಿಂಗಿಲ ಹೊಡೆಯುವುದಕ್ಕೆ ಒಂದು ಕಟ್ಟುಪಾಡು ಇರಲಿ ಅಂತ ಒಪ್ಪಂದ ಮಾಡಿಕೊಂಡವು. ಆ ಒಪ್ಪಂದದಿಂದ ಹುಟ್ಟಿದ ಆಯೋಗವೇ 1986ರಿಂದ ವ್ಯಾಪಾರದ ಬೇಟೆ ನಿಲ್ಲಿಸಿತು. ಅದೇ ಆಯೋಗ ಈಗ ತಿಮಿಂಗಿಲವನ್ನು ಹೇಗೆ ನೋಡಬೇಕು ಅಂತಲೂ ಸಲಹೆ ಕೊಡುತ್ತದೆ. ನೌಕರಿ ಹೋಗಲಿಲ್ಲ, ಇಲಾಖೆ ಬದಲಾಯಿತು ಅಷ್ಟೆ.

ಆದರೆ ಎರಡೂ ಇಲಾಖೆಯನ್ನು ಒಟ್ಟಿಗೆ ನಡೆಸಿದ ಧೀರರೂ ಇದ್ದಾರೆ. ಐಸ್‌ಲ್ಯಾಂಡ್. ರಾಜಧಾನಿ ರೇಕ್ಯಾವಿಕ್‌ನ ಹಳೇ ಬಂದರಿನಲ್ಲಿ ತಿಮಿಂಗಿಲ ತೋರಿಸುವ ದೋಣಿಗಳೂ ತಿಮಿಂಗಿಲ ಹೊಡೆಯುವ ಹಡಗುಗಳೂ ಕೂಗಳತೆ ದೂರದಲ್ಲಿ ತಂಗಿರುತ್ತಿದ್ದವು. ಪ್ರವಾಸಿ ಬೆಳಿಗ್ಗೆ ದೋಣಿ ಹತ್ತಿ, ಮಿಂಕೆ ತಿಮಿಂಗಿಲದ ಬೆನ್ನು ಕಂಡು, ಕಣ್ಣಲ್ಲಿ ನೀರು ತಂದುಕೊಂಡು, ‘ಎಂಥ ದೈವಿಕ ಜೀವಿ’ ಅನ್ನುವುದು. ಮಧ್ಯಾಹ್ನ ದಡಕ್ಕಿಳಿದು ಹೋಟೆಲಿನಲ್ಲಿ ಅದೇ ಮಿಂಕೆಯ ಒಂದು ತುಂಡು ತರಿಸಿಕೊಳ್ಳುವುದು. ‘ಸುಮ್ನೆ, ರುಚಿ ನೋಡೋಣ ಅಂತ.’ ಕೊಂದ ಪಾಪ ತಿಂದು ಪರಿಹಾರ ಅಂತ ನಮ್ಮ ಗಾದೆ. ನೋಡಿದ ಪುಣ್ಯವನ್ನೂ ತಿಂದೇ ಪರಿಹರಿಸಿಕೊಳ್ಳಬಹುದು ಅಂತ ಅಲ್ಲಿ ಗೊತ್ತಾಯಿತು. ಕೊನೆಗೆ ದೋಣಿಯವರೇ ಪ್ರಚಾರಕ್ಕೆ ಇಳಿಯಬೇಕಾಯಿತು: ದಯವಿಟ್ಟು ನೋಡಿ, ತಿನ್ನಬೇಡಿ.

ಇನ್ನೊಂದು ಇದೆ, ತಡೆಯಿರಿ. 2015ರಲ್ಲಿ ಅದೇ ದೇಶದ ಒಂದು ಬ್ರೂವರಿ ಫಿನ್ ತಿಮಿಂಗಿಲದ ವೃಷಣವನ್ನು ಕುರಿ ಹಿಕ್ಕೆಯ ಹೊಗೆಯಲ್ಲಿ ಹದ ಮಾಡಿ ಬಿಯರಿಗೆ ಹಾಕಿತು. ಇದು ನಾನು ಕಟ್ಟಿದ್ದಲ್ಲ. ಕಟ್ಟೋಣ ಅಂದರೂ ನನ್ನ ತಲೆಗೆ ಕುರಿ ಹಿಕ್ಕೆ ಹೊಳೆಯುತ್ತಿರಲಿಲ್ಲ. ವಿಡಂಬನೆ ಬರೆದು ಹೊಟ್ಟೆ ಹೊರೆಯುವವರ ಅನ್ನಕ್ಕೆ ಹೀಗೆ ಕಲ್ಲು ಹಾಕಿದರೆ ನಾವೆಲ್ಲಿಗೆ ಹೋಗೋಣ?

ನನಗೆ ಗೊತ್ತಿರುವ ಒಂದೇ ಒಂದು ಪ್ರಾಮಾಣಿಕ ತಿಮಿಂಗಿಲ ಯಾತ್ರೆ ಮಾಡಿದ್ದು ನಾಯಿಗಳು. ತಮಾಷೆಯಲ್ಲ. ಕೆನಡಾದ ಫಂಡಿ ಕೊಲ್ಲಿಯಲ್ಲಿ ವಿಜ್ಞಾನಿಗಳು ದೋಣಿಯ ಮೂತಿಯಲ್ಲಿ ತರಬೇತಿ ಪಡೆದ ನಾಯಿಯನ್ನು ಕೂರಿಸಿಕೊಂಡು ರೈಟ್ ತಿಮಿಂಗಿಲದ ಲದ್ದಿ ಹುಡುಕುತ್ತಿದ್ದರು. ನಾಯಿ ಮೂಸಿದ ಕಡೆಗೆ ದೋಣಿ, ಕೈಯಲ್ಲಿ ಬಲೆ. (ಬೇಟೆಗೆ ‘ರೈಟ್’ ಆದದ್ದು ಅಂತ ಅದಕ್ಕೆ ಆ ಹೆಸರು ಅನ್ನುತ್ತಾರೆ. ನಿಧಾನಕ್ಕೆ ಈಜುತ್ತದೆ, ಸತ್ತರೆ ತೇಲುತ್ತದೆ. ಉತ್ತರ ಅಟ್ಲಾಂಟಿಕ್‌ನಲ್ಲಿ ಇವತ್ತು 400ಕ್ಕೂ ಕಡಿಮೆ ಉಳಿದಿವೆ. ಹೆಸರಿಗೆ ತಕ್ಕ ಗತಿ.) ಆ ಲದ್ದಿಯಲ್ಲಿ ಒತ್ತಡದ ಹಾರ್ಮೋನು ಎಷ್ಟಿದೆ ಅಂತ ಅಳೆಯುತ್ತಿದ್ದರು. 2001ರ ಸೆಪ್ಟೆಂಬರ್ 11ರ ದಾಳಿಯ ನಂತರ ಕೆಲವು ದಿನ ಹಡಗುಗಳ ಓಡಾಟ ತಗ್ಗಿತು, ನೀರೊಳಗಿನ ಸದ್ದು 6 ಡೆಸಿಬೆಲ್ ಇಳಿಯಿತು. ಅದರ ಜೊತೆಗೆ ಆ ಹಾರ್ಮೋನೂ ಇಳಿಯಿತು. ಲೋಕವೆಲ್ಲ ನಡುಗಿದ ಆ ವಾರ ತಿಮಿಂಗಿಲಗಳು ಮಾತ್ರ ನಿರಾಳವಾಗಿ ಉಸಿರಾಡಿದವು. ಅದು ದೊಡ್ಡ ಹಡಗುಗಳ ಗದ್ದಲ, ನಮ್ಮ ಪ್ರವಾಸಿ ದೋಣಿ ಚಿಕ್ಕದು ಅನ್ನಬಹುದು. ನಿಜ. ದೊಡ್ಡದು ತನ್ನ ದಾರಿ ಹಿಡಿದು ಹೋಗುತ್ತದೆ. ಚಿಕ್ಕದು ಹುಡುಕಿಕೊಂಡು ಕಿವಿಯ ಹತ್ತಿರವೇ ಬರುತ್ತದೆ. ಬದಿಯಲ್ಲಿ ಹಸಿರು ಎಲೆಯ ಚಿತ್ರ ಬರೆಸಿಕೊಂಡು, ಹಿಂದೆ ಡೀಸೆಲ್ ಹೊಗೆ ಬಿಟ್ಟುಕೊಂಡು ಬರುತ್ತದೆ.

ಹವಾಯಿಯ ಸ್ಪಿನ್ನರ್ ಡಾಲ್ಫಿನ್‌ಗಳ ಪಾಡು ಕೇಳಿ. ಅವು ರಾತ್ರಿ ಪಾಳಿಯವು. ಕತ್ತಲಾದ ಮೇಲೆ ಆಳ ಸಮುದ್ರಕ್ಕೆ ಹೋಗಿ ದುಡಿಯುತ್ತವೆ, ಬೆಳಗಾದ ಮೇಲೆ ದಡದ ಹತ್ತಿರ, ಅಲೆ ಕಡಿಮೆ ಇರುವ ಕೊಲ್ಲಿಗೆ ಬಂದು ಮಲಗುತ್ತವೆ. ಮಲಗುವುದು ಅಂದರೂ ನಮ್ಮ ಹಾಗಲ್ಲ. ಅರ್ಧ ಮೆದುಳು ನಿದ್ದೆ, ಅರ್ಧ ಎಚ್ಚರ, ಮೈ ಮಾತ್ರ ನಿಧಾನವಾಗಿ ಈಜುತ್ತಲೇ ಇರುತ್ತದೆ. ಪಾಳಿ ಮುಗಿಸಿ ಬಂದು ಈಗ ತಾನೇ ಕಣ್ಣು ಮುಚ್ಚಿದವನ ಬಾಗಿಲನ್ನು ಬೆಳಿಗ್ಗೆ ಎಂಟಕ್ಕೆ ನಲವತ್ತು ಜನ ಬಡಿದು, ‘ಅಯ್ಯೋ, ಎಷ್ಟು ಮುದ್ದಾಗಿ ಮಲಗಿದಾನೆ, ಒಂದು ಸಲ ಎದ್ದು ಪಲ್ಟಿ ಹೊಡೆಯಪ್ಪ’ ಅಂದರೆ ಹೇಗಿರುತ್ತದೆ? ಅದೂ ಎಲ್ಲರೂ ಕಾಲಿಗೆ ಕಪ್ಪೆಪಾದ ಕಟ್ಟಿಕೊಂಡು, ಬಾಯಿಗೆ ಕೊಳವೆ ಸಿಕ್ಕಿಸಿಕೊಂಡು, ಮಲಗುವ ಕೋಣೆಯ ಒಳಗೇ ಬಂದರೆ? ಇದು ದಿನಾ ನಡೆಯಿತು. ವರ್ಷಗಟ್ಟಲೆ ನಡೆಯಿತು. ಕೊನೆಗೆ 2021ರಲ್ಲಿ ಅಲ್ಲಿ ಕಾನೂನೇ ಬಂತು: ದಡದಿಂದ 2 ನಾಟಿಕಲ್ ಮೈಲಿ ಒಳಗೆ ಈ ಡಾಲ್ಫಿನ್‌ಗಳಿಂದ 50 ಗಜ ದೂರ ಇರಿ. ಮಲಗಿದವರನ್ನು ಎಬ್ಬಿಸಬಾರದು ಅಂತ ಮಕ್ಕಳಿಗೆ ಮನೆಯಲ್ಲಿ ಹೇಳಿಕೊಡುವ ಮಾತು. ದೊಡ್ಡವರಿಗೆ ಹೇಳುವುದಕ್ಕೆ ಒಂದು ದೇಶದ ಸರ್ಕಾರವೇ ಬೇಕಾಯಿತು.

ನ್ಯೂಜಿಲೆಂಡ್‌ನ ಬೇ ಆಫ್ ಐಲೆಂಡ್ಸ್ ವಿಷಯಕ್ಕೆ ಬಂದರೆ ನನಗೆ ತಮಾಷೆ ಮಾಡುವ ಉತ್ಸಾಹ ಉಳಿಯುವುದಿಲ್ಲ. ಹೆಸರಿನಲ್ಲೇ ದ್ವೀಪಗಳಿವೆ, ನೀರಿನಲ್ಲಿ ಡಾಲ್ಫಿನ್ ಇದ್ದವು. ದೋಣಿ ಕಂಪನಿಗಳು ಬಂದವು. ಡಾಲ್ಫಿನ್ ಜೊತೆ ಈಜಿ, ಬದುಕು ಬದಲಾಗುತ್ತದೆ ಅಂದರು. ಬದಲಾಯಿತು. 1999ರಿಂದ 2019ರ ಹೊತ್ತಿಗೆ ಅಲ್ಲಿಗೆ ಬರುವ ಬಾಟಲ್‌ನೋಸ್ ಡಾಲ್ಫಿನ್‌ಗಳು ಶೇಕಡಾ 66ರಷ್ಟು ಕಡಿಮೆಯಾದವು. ಪದೇ ಪದೇ ಬರುವುದು 19 ಮಾತ್ರ ಉಳಿದವು. ಹುಟ್ಟಿದ ಮರಿಗಳಲ್ಲಿ ಶೇಕಡಾ 75 ಸಾಯುತ್ತಿದ್ದವು. ತಿನ್ನುವ ಹೊತ್ತು, ಮಲಗುವ ಹೊತ್ತು, ಮರಿಗೆ ಹಾಲೂಡಿಸುವ ಹೊತ್ತು, ಎಲ್ಲವನ್ನೂ ದೋಣಿಗಳು ತಿಂದವು. ಜನ ಡಾಲ್ಫಿನ್‌ಗಳನ್ನು ಅತಿಯಾಗಿ ಪ್ರೀತಿಸುತ್ತಿದ್ದಾರೆ ಅಂತ ಅಲ್ಲಿನ ಸಂರಕ್ಷಣಾ ಇಲಾಖೆ ಹೇಳಿತು.

ಪ್ರೀತಿಯಂತೆ. ಇದಕ್ಕೆ ಪ್ರೀತಿ ಅನ್ನಬೇಡಿ, ದಯವಿಟ್ಟು. ಬೆಕ್ಕಿಗೆ ಚೆಲ್ಲಾಟ ಇಲಿಗೆ ಪ್ರಾಣಸಂಕಟ ಅನ್ನುವುದಕ್ಕೆ ನಮ್ಮಲ್ಲಿ ಗಾದೆ ಇದೆ, ಅದರಲ್ಲಿ ಪ್ರೀತಿಯ ಮಾತಿಲ್ಲ. ಮರಿ ಸಾಯುತ್ತಿದ್ದದ್ದು ಒಂದು ದಿನದಲ್ಲಿ ಅಲ್ಲ. ಇಪ್ಪತ್ತು ವರ್ಷ ದಿನಾ ಎಣಿಸುವವರು ಎಣಿಸಿದರು, ಬರೆದರು, ಹೇಳಿದರು. ಟಿಕೆಟ್ ಹರಿಯುತ್ತಲೇ ಇತ್ತು. 2019ರಲ್ಲಿ ಅವುಗಳ ಜೊತೆ ಈಜುವುದನ್ನು ನಿಷೇಧಿಸಿದರು. 19 ಉಳಿದ ಮೇಲೆ. ಬರೆದು ಬರೆದು ಸಾಕಾಗಿದೆ ನನಗೂ.

ಇನ್ನು ದ್ವೀಪ. ಮೂರು ದ್ವೀಪ ಅಂದರೆ ಏನು ಗೊತ್ತಾ? ಮೊದಲನೆಯದರಲ್ಲಿ ಇಳಿದು ಶೌಚಾಲಯದ ಸಾಲು. ಎರಡನೆಯದರಲ್ಲಿ ಊಟದ ಸಾಲು. ಮೂರನೆಯದರ ಸುತ್ತ ದೋಣಿ ಒಂದು ಸುತ್ತು ಹಾಕುತ್ತದೆ, ಅದೂ ‘ಭೇಟಿ’ ಲೆಕ್ಕಕ್ಕೆ ಸೇರುತ್ತದೆ. ಥಾಯ್ಲೆಂಡ್‌ನ ಮಾಯಾ ಬೇ ಒಂದು ಚಿಕ್ಕ ಮರಳು ದಂಡೆ. ಅಲ್ಲಿಗೆ ದಿನಕ್ಕೆ 5,000 ಜನ ಹೀಗೆ ಬಂದು ಇಳಿಯುತ್ತಿದ್ದರು. ಎಲ್ಲರಿಗೂ ‘ಯಾರೂ ಇಲ್ಲದ ದ್ವೀಪದಲ್ಲಿ ನಾನೊಬ್ಬನೇ’ ಅನ್ನುವ ಫೋಟೋ ಬೇಕು. 4,999 ಜನ ಪಕ್ಕಕ್ಕೆ ಸರಿಯುವವರೆಗೆ ಕಾಯಬೇಕಲ್ಲ, ಅದಕ್ಕೇ ಅಷ್ಟು ತಡ. ಹವಳದ ಬಹುಪಾಲು ನಾಶವಾದ ಮೇಲೆ 2018ರ ಜೂನ್‌ನಲ್ಲಿ ಬಾಗಿಲು ಹಾಕಿದರು. ತೆರೆದದ್ದು 2022ರ ಜನವರಿಯಲ್ಲಿ. ನಡುವೆ ಯಾರೂ ಕರೆಯದೆ, ಯಾವ ಗ್ಯಾರಂಟಿಯೂ ಇಲ್ಲದೆ, ಕಪ್ಪು ತುದಿಯ ರೆಕ್ಕೆಯ ಶಾರ್ಕ್‌ಗಳು ವಾಪಸ್ ಬಂದಿದ್ದವು.

ಇವತ್ತು ಬೆಳಿಗ್ಗೆ ಅದೇ ಜಾಹೀರಾತು ಮತ್ತೆ ಬಂತು. ಅದೇ ತಿಮಿಂಗಿಲ, ಅದೇ ಹಲ್ಲು ಬಿಟ್ಟ ಜನ. ಮೂರಿದ್ದ ದ್ವೀಪ ನಾಲ್ಕಾಗಿದೆ. ಹೊರಡುವ ಹೊತ್ತು, ವಾಪಸ್ ಬರುವ ಹೊತ್ತು ಮಾತ್ರ ಮೊದಲಿನಷ್ಟೇ ಇದೆ.