1.45 ಲಕ್ಷ ಕೋಟಿ ಮತ್ತು ಆರು ರೂಪಾಯಿಯ ಮೊಟ್ಟೆ

ಅಜೀಂ ಪ್ರೇಮ್‌ಜಿ ಅಂದ ಕೂಡಲೇ ಎಲ್ಲರೂ ಹೇಳೋದು ಒಂದೇ ಅಂಕಿ, 1.45 ಲಕ್ಷ ಕೋಟಿ ರೂಪಾಯಿ ದಾನ. ಇಷ್ಟು ದುಡ್ಡನ್ನು ಅವರು ಚೆಕ್ ಬರೆದು ಕೊಟ್ಟಿದ್ದಲ್ಲ. ಕೊಟ್ಟ ಬಗೆ ಅರ್ಥವಾಗದೆ ಆ ದಾನ ಅರ್ಥವಾಗಲ್ಲ.

ಅವರು ಬಿಟ್ಟುಕೊಟ್ಟಿದ್ದು ತಮ್ಮ ಐಟಿ ಕಂಪನಿ ವಿಪ್ರೋದ ಷೇರುಗಳ ಆದಾಯವನ್ನು, ವಾಪಸ್ ಪಡೆಯಲಾಗದ ಹಾಗೆ. 2019ರ ಮಾರ್ಚ್‌ನಲ್ಲಿ ಇನ್ನೂ 34% ಷೇರುಗಳ ಆದಾಯ ಸೇರಿಸಿದಾಗ ಒಟ್ಟು 67% ಆಯಿತು. ಕಂಪನಿಯ ಹಿಡಿತ ಕುಟುಂಬದ ಕೈಯಲ್ಲೇ ಉಳಿಯಿತು. ಡಿವಿಡೆಂಡ್ (ಷೇರುದಾರರಿಗೆ ಹಂಚುವ ಲಾಭ) ಬಂದರೆ, ಬೈಬ್ಯಾಕ್‌ನಲ್ಲಿ, ಅಂದರೆ ಕಂಪನಿಯೇ ವಾಪಸ್ ಕೊಳ್ಳುವಾಗ, ಷೇರು ಮಾರಿದರೆ, ಆ ದುಡ್ಡು ಅವರ ಸೇವಾ ಸಂಸ್ಥೆ ಅಜೀಂ ಪ್ರೇಮ್‌ಜಿ ಫೌಂಡೇಶನ್ನಿಗೆ. ತೋಟದ ಪಹಣಿ ಮನೆಯವರ ಹೆಸರಲ್ಲಿದ್ದು, ಫಸಲು ಊರಿಗೆ ಹೋದ ಹಾಗೆ. 1.45 ಲಕ್ಷ ಕೋಟಿ ಅನ್ನೋದು ಆ ದಿನದ ಷೇರು ಬೆಲೆಯ ಲೆಕ್ಕ. ಷೇರು ಇಳಿದರೆ ಅದೂ ಇಳಿಯುತ್ತೆ. ಆದರೆ ವರ್ಷ ವರ್ಷವೂ ಫಸಲು ಬರೋದರಿಂದ, ಹತ್ತಿಪ್ಪತ್ತು ವರ್ಷ ಹಿಡಿಯುವ ಕೆಲಸಕ್ಕೂ ಕೈ ಹಾಕಬಹುದು. ನನಗೆ ಅಂಕಿಗಿಂತ ಇದು ದೊಡ್ಡದು.

ಹಿನ್ನೆಲೆ ಗೊತ್ತಿರೋದೇ. 1945ರಲ್ಲಿ ತಂದೆ ಮಹಾರಾಷ್ಟ್ರದ ಅಮಳನೇರ್‌ನಲ್ಲಿ ಶುರು ಮಾಡಿದ ವನಸ್ಪತಿ ಕಂಪನಿಯೇ ಮುಂದೆ ವಿಪ್ರೋ ಆಯಿತು. 1966ರಲ್ಲಿ ತಂದೆ ತೀರಿಕೊಂಡಾಗ ಮಗ ಸ್ಟ್ಯಾನ್‌ಫರ್ಡ್‌ನಲ್ಲಿ ಎಂಜಿನಿಯರಿಂಗ್ ಓದುತ್ತಿದ್ದರು; 21ನೇ ವಯಸ್ಸಿಗೆ ವಾಪಸ್ ಬಂದು ಎಣ್ಣೆ, ಸೋಪಿನ ವ್ಯಾಪಾರ ಹೊತ್ತರು. ಅಮೆರಿಕದ ಕಂಪ್ಯೂಟರ್ ಕಂಪನಿ ಐಬಿಎಂ ಭಾರತ ಬಿಟ್ಟ ಮೇಲೆ ತೆರವಾದ ಜಾಗ ನೋಡಿ ಕಂಪ್ಯೂಟರ್ ತಯಾರಿಕೆಗೆ ಇಳಿದರು, ಬೆಂಗಳೂರಿಗೆ ಬಂದರು.

ಇಂಥವರ ಫೌಂಡೇಶನ್ ಸರ್ಕಾರಿ ಶಾಲೆಗಳ ಕಲಿಕೆ ಸುಧಾರಿಸಲು ಮೊದಲು ಹಿಡಿದ ದಾರಿಯೂ ಕಂಪ್ಯೂಟರಿನದೇ. 2000ದ ದಶಕದಲ್ಲಿ ಕನ್ನಡವೂ ಸೇರಿ ಹಲವು ಭಾಷೆಗಳಲ್ಲಿ ಪಾಠದ ನೂರಕ್ಕೂ ಹೆಚ್ಚು ಸಿ.ಡಿ. ಮಾಡಿಸಿ ಸರ್ಕಾರಿ ಶಾಲೆಗಳಿಗೆ ಕೊಟ್ಟರು. ಕಲಿಕೆ ಅಂದುಕೊಂಡಷ್ಟು ಆಗಲಿಲ್ಲ. ಒಂದು ಮೌಸಿಗೆ ನಾಲ್ಕೈದು ಮಕ್ಕಳು ಕೂತರೆ ಕ್ಲಿಕ್ ಮಾಡೋದು ಒಬ್ಬನೇ, ಉಳಿದವರು ನೋಡ್ತಾರೆ. ಕರೆಂಟ್ ಹೋದರೆ, ಯುಪಿಎಸ್ ಬ್ಯಾಟರಿ ಸತ್ತಿದ್ದರೆ, ಪಾಠ ಅಲ್ಲಿಗೆ ನಿಂತಿತು. ಎಲ್ಲಕ್ಕಿಂತ ಮುಖ್ಯ, ಮೇಷ್ಟ್ರ ಪಾಠಕ್ಕೂ ಸಿ.ಡಿ.ಗೂ ಕೊಂಡಿ ಇಲ್ಲದಿದ್ದರೆ ಅದು ಬರೀ ಆಟದ ಪೀರಿಯಡ್. ಶಿಕ್ಷಕರ ಜಾಗವನ್ನು ಯಂತ್ರ ತುಂಬಲಾರದು ಅಂತ ಫೌಂಡೇಶನ್ ಬಹಿರಂಗವಾಗಿಯೇ ಒಪ್ಪಿಕೊಂಡಿತು. ಕಂಪ್ಯೂಟರಿನಿಂದ ಹೆಸರು ಮಾಡಿದವರ ಸಂಸ್ಥೆ ಈ ಮಾತು ಹೇಳಿದ್ದಕ್ಕೆ ನನಗೆ ಇವತ್ತಿಗೂ ಗೌರವ. ಆಮೇಲೆ ಕೆಲಸ ಶಿಕ್ಷಕರ ಕಡೆ ತಿರುಗಿತು. ಯಾದಗಿರಿ, ಸುರಪುರದಂಥ ಕಡೆ ಕಾಯಂ ತಂಡ ಇಟ್ಟು, ಶಿಕ್ಷಕರ ಜೊತೆ ಕೂತು ಮಾಡುವ ಕೆಲಸ. ನಿಧಾನ, ಫೋಟೋಕ್ಕೆ ಸಿಗಲ್ಲ.

ಈಗ ಮೊಟ್ಟೆಗೆ ಬರ್ತೀನಿ. ಬಿಸಿಯೂಟದಲ್ಲಿ ರಾಜ್ಯ ಸರ್ಕಾರ ವಾರಕ್ಕೆ ಎರಡು ದಿನ ಮೊಟ್ಟೆ ಕೊಡುತ್ತಿತ್ತು. 2024ರಲ್ಲಿ ಫೌಂಡೇಶನ್ ಮೂರು ವರ್ಷಕ್ಕೆ ಸುಮಾರು 1,500 ಕೋಟಿ ಒಪ್ಪಿಕೊಂಡು ಉಳಿದ ನಾಲ್ಕು ದಿನದ ಖರ್ಚು ಹೊತ್ತಿತು. ಒಂದು ಮೊಟ್ಟೆಯಲ್ಲಿ ಹೆಚ್ಚುಕಡಿಮೆ ಆರು ಗ್ರಾಂ ಪ್ರೋಟೀನ್. ಅನ್ನ ಸಾರಿನ ತಟ್ಟೆಯಲ್ಲಿ ಕಮ್ಮಿ ಬೀಳೋದೇ ಅದು.

ಸಮಸ್ಯೆ ದರದ್ದು. ಯೋಜನೆ ಶುರುವಾದಾಗ ಮೊಟ್ಟೆಗೆ ನಿಗದಿಯಾಗಿದ್ದು ಆರು ರೂಪಾಯಿ. ಖರೀದಿ, ಸಾಗಣೆ, ಗ್ಯಾಸ್, ಸಿಪ್ಪೆ ಸುಲಿಯೋ ಕೂಲಿ ಎಲ್ಲ ಅದರಲ್ಲೇ. ದಿನಕ್ಕೆ 120 ಮೊಟ್ಟೆ ಬೇಕಾದ ಶಾಲೆ ಅಂದುಕೊಳ್ಳಿ: 30ರ ನಾಲ್ಕು ಟ್ರೇ, 720 ರೂಪಾಯಿ. ಚಳಿಗಾಲದಲ್ಲಿ ಮೊಟ್ಟೆಯ ಬೆಲೆ ಏರುತ್ತೆ. ಒಂದು ರೂಪಾಯಿ ಏರಿದರೂ ವಾರಕ್ಕೆ 720 ರೂಪಾಯಿ ಕೊರತೆ, ಅಂದರೆ ಒಂದು ಪೂರ್ತಿ ದಿನದ ಮೊಟ್ಟೆ. ಅದನ್ನು ತುಂಬೋದು ಮುಖ್ಯ ಶಿಕ್ಷಕರ ಜೇಬು, ಇಲ್ಲವೇ ಸಣ್ಣ ಗಾತ್ರದ ಮೊಟ್ಟೆ.

ಅಡುಗೆಮನೆ ಕಡೆಯೂ ನೋಡಿ. ಮೊಟ್ಟೆ ತೊಳೆದು ನೀರಿಗೆ ಹಾಕಬೇಕು, ತೇಲಿದ್ದನ್ನು ತೆಗೆದಿಡಬೇಕು. ಕುದಿ ಬಂದ ಮೇಲೆ ಹತ್ತು ಹನ್ನೆರಡು ನಿಮಿಷ ಬೇಯಬೇಕು. ತಕ್ಷಣ ತಣ್ಣೀರಿಗೆ ಹಾಕದಿದ್ದರೆ ಸಿಪ್ಪೆ ಜೊತೆ ಬಿಳಿ ಭಾಗವೂ ಕಿತ್ತು ಬರುತ್ತೆ. ಒಂದು ಸುಲಿಯಲು ಅರ್ಧ ನಿಮಿಷ ಅಂದರೂ 120ಕ್ಕೆ ಒಂದು ಗಂಟೆ, ಅದೂ ಅನ್ನ ಸಾರು ಒಲೆ ಮೇಲಿರುವಾಗಲೇ. ಮೊದಲು ವಾರಕ್ಕೆ ಎರಡು ದಿನ ಇದ್ದ ಈ ಕೆಲಸ ಈಗ ಆರು ದಿನ.

ದುಡ್ಡು ಕೊಟ್ಟವರು ಕೊಟ್ಟಾಗಿದೆ. ಮೊಟ್ಟೆಯ ದರವನ್ನು ಆಯಾ ತಿಂಗಳ ಮಾರುಕಟ್ಟೆ ಬೆಲೆಗೆ ಜೋಡಿಸಬೇಕು, ಸುಲಿಯುವ ಕೂಲಿಯನ್ನು ಬೇರೆ ಮಾಡಿ ಅಡುಗೆಯವರ ಖಾತೆಗೇ ನೇರ ಹಾಕಬೇಕು. ಈ ಎರಡು ಕೆಲಸ ಶಿಕ್ಷಣ ಇಲಾಖೆಯದು.